ಕೈ ಊರದೆ ಏಳು

ನನಗೆ ಕೂರಲು ಬರುವುದಿಲ್ಲ. ಜಂಬಕ್ಕೆ ಹೇಳುತ್ತಿಲ್ಲ, ಅದೊಂದು ಕಾಯಿಲೆ. ಊಟಕ್ಕೆ ಕೂತರೂ ಒಂದು ಕಾಲು ಅಲ್ಲಾಡುತ್ತಲೇ ಇರಬೇಕು. ತ್ಯಾಗರಾಜನಗರದ ನಮ್ಮ ಮನೆಯಲ್ಲಿ ಅತ್ತೆ, "ಕಾಲಿಗೆ ಚಕ್ರ ಕಟ್ಕೊಂಡು ಹುಟ್ಟಿದೀಯ. ಹಾಗೆ ಕಾಲು ಅಲ್ಲಾಡಿಸಬೇಡ ಕಣೇ, ಮನೆಗೆ ದರಿದ್ರ" ಎಂದು ಬೈದು ಬೈದು ಈಗ ಕೈಬಿಟ್ಟಿದ್ದಾರೆ. ಬಸ್ಸು ಎರಡು ನಿಮಿಷ ತಡವಾದರೆ ಮುಂದಿನ ಸ್ಟಾಪಿಗೆ ನಡೆದೇಬಿಡುವವಳು ನಾನು. ಅರ್ಧ ದಾರಿಯಲ್ಲಿ ಅದೇ ಬಸ್ಸು ನನ್ನ ಪಕ್ಕದಲ್ಲೇ ಹಾದುಹೋಗುತ್ತದೆ. ಇಂಥವಳಿಗೆ ಸಿಕ್ಕ ಕೆಲಸವೂ ತಕ್ಕದ್ದೇ: ಜೆ.ಪಿ. ನಗರದ ಒಂದು ಶಾಲೆಯಲ್ಲಿ ಪೀಟಿ ಟೀಚರ್. ಕೊರಳಲ್ಲಿ ವಿಸಿಲ್, ಕೈಯಲ್ಲಿ ಮೈಕು, ಎದುರಿಗೆ ಇನ್ನೂರು ಮಕ್ಕಳು. ಊದಿದರೆ ಏಳಬೇಕು, ಊದಿದರೆ ಕೂರಬೇಕು.

ಆ ವರ್ಷ ಎರಡನೇ ಕ್ಲಾಸಿಗೆ ಒಬ್ಬ ಹುಡುಗ ಸೇರಿದ. ದುಂಡು ಮುಖ, ಮುಂದಿನ ಎರಡು ಹಲ್ಲು ಬಿದ್ದು ಕಿಟಕಿಯಾಗಿತ್ತು. ಮೊದಲ ದಿನ ಸಾಲು ನಿಲ್ಲಿಸುವಾಗ ನನ್ನ ಕಣ್ಣು ಹೋಗಿದ್ದು ಅವನ ಮೀನಖಂಡಗಳ ಮೇಲೆ. ಆರೂವರೆ ವರ್ಷದ ಮಗುವಿಗೆ ಅಷ್ಟು ದಪ್ಪ, ಅಷ್ಟು ಗಟ್ಟಿ ಮೀನಖಂಡ ನಾನು ನೋಡಿರಲಿಲ್ಲ. "ಅಬ್ಬಬ್ಬಾ, ಏನೋ ಇದು, ಪೈಲ್ವಾನ್ ಕಾಲು!" ಎಂದೆ. ಮಕ್ಕಳು ನಕ್ಕರು. ಅವನೂ ನಕ್ಕ. ಅವತ್ತಿನಿಂದ ಶಾಲೆಗೆಲ್ಲ ಅವನು ಪೈಲ್ವಾನ್ ಆದ. ನಾನು ಹಿಂದೆಮುಂದೆ ನೋಡದೆ ಅವನನ್ನು ಓಟದ ತಂಡಕ್ಕೆ ಹಾಕಿದೆ.

ಓಡಿಸಿದರೆ ಕಡೆಯವನು. ಅದೂ ಎಂಥ ಓಟ, ಬೆರಳ ತುದಿಯ ಮೇಲೆ ಎಡಕ್ಕೊಮ್ಮೆ ಬಲಕ್ಕೊಮ್ಮೆ ವಾಲಾಡಿಕೊಂಡು. ನಡುವೆ ಕಾರಣವಿಲ್ಲದೆ ಮುಗ್ಗರಿಸಿ ಬೀಳುತ್ತಿದ್ದ. ಚೆನ್ನಾಗಿದೆ ಎಂದು ತಟ್ಟಿ ನೋಡಿ ತಂದ ಕಲ್ಲಂಗಡಿ ಕೊಯ್ದಾಗ ಒಳಗೆಲ್ಲ ಬಿಳಿ ಕಂಡರೆ ಅಂಗಡಿಯವನ ಮೇಲೆ ಬರುತ್ತದಲ್ಲ, ಅಂಥ ಸಿಟ್ಟು ನನಗೆ ಆ ಮಗುವಿನ ಮೇಲೆ ಬಂತು.

ಆಮೇಲೆ ಕ್ರೀಡಾ ದಿನದ ಡ್ರಿಲ್ ಅಭ್ಯಾಸ ಶುರುವಾಯಿತು. ನನ್ನ ಡ್ರಿಲ್‌ಗೆ ಒಂದು ನಿಯಮವಿದೆ. ಮಕ್ಕಳು ಕೈಕಟ್ಟಿ ನೆಲದ ಮೇಲೆ ಚಕ್ಕಳಮಕ್ಕಳ ಹಾಕಿ ಕೂತಿರಬೇಕು. ವಿಸಿಲ್ ಊದಿದ ಕೂಡಲೇ ಕಟ್ಟಿದ ಕೈ ಬಿಡದೆ ಏಳಬೇಕು. ನೆಲಕ್ಕೆ ಕೈ ಊರುವಂತಿಲ್ಲ. ಇನ್ನೂರು ಮಕ್ಕಳು ಹಾಗೆ ಒಟ್ಟಿಗೆ ಎದ್ದರೆ ವೇದಿಕೆಯ ಮೇಲಿನವರು ತಾವಾಗಿ ಚಪ್ಪಾಳೆ ತಟ್ಟುತ್ತಾರೆ. ಅದು ನಾನೇ ತಂದ ಪದ್ಧತಿ. ಅದರ ಬಗ್ಗೆ ನನಗೆ ತುಸು ಹೆಚ್ಚೇ ಹೆಮ್ಮೆಯಿತ್ತು.

ಎಲ್ಲರೂ ಎದ್ದು ನಿಂತ ಮೇಲೂ ಸಾಲಿನಲ್ಲಿ ಒಂದು ಗುಂಡಿ ಉಳಿಯುತ್ತಿತ್ತು. ಈ ಹುಡುಗ. ಮೊದಲು ಪಕ್ಕಕ್ಕೆ ಹೊರಳಿ ಎರಡೂ ಅಂಗೈ ನೆಲಕ್ಕೆ ಊರುತ್ತಿದ್ದ. ಕುಂಡೆ ಮೇಲೆತ್ತುತ್ತಿದ್ದ. ಆಮೇಲೆ ಒಂದು ಕೈ ಮಂಡಿಯ ಮೇಲೆ, ಇನ್ನೊಂದು ಕೈ ಇನ್ನೊಂದು ಮಂಡಿಯ ಮೇಲೆ, ಅಲ್ಲಿಂದ ತೊಡೆಯ ಮೇಲೆ. ಹೀಗೆ ತನ್ನ ಮೈಯನ್ನು ತಾನೇ ಹತ್ತಿಕೊಂಡು ನಿಲ್ಲುತ್ತಿದ್ದ. ಅಷ್ಟು ಹೊತ್ತು ಕಾಯುವ ಸಂಯಮ ನನ್ನ ಜಾತಕದಲ್ಲೇ ಇಲ್ಲ.

"ಕೈ ಊರದೆ ಏಳು" ಎಂದೆ. ಕೈಕಟ್ಟಿ ಏಳಲು ಹೋದ, ಹಿಂದಕ್ಕೆ ಬಿದ್ದ. "ಮತ್ತೆ." ಮತ್ತೆ ಬಿದ್ದ. ಮಕ್ಕಳು ಕಿಸಕ್ಕೆಂದರು. ನನಗೆ ನೆತ್ತಿಗೇರಿತು. ಕೈಯಲ್ಲಿ ಮೈಕಿತ್ತು. "ಸೋಮಾರಿ ಕಣೋ ನೀನು! ಇಷ್ಟು ದಪ್ಪ ಕಾಲಿಟ್ಕೊಂಡು ಏಳೋಕಾಗಲ್ವಾ? ನಾಟಕ ಆಡ್ತೀಯಾ ನನ್ನ ಹತ್ರ?" ಇನ್ನೂರು ಮಕ್ಕಳು, ಅಡುಗೆಯವರು, ಕಾಂಪೌಂಡಿನಾಚೆ ಸೊಪ್ಪು ಮಾರುವವಳು, ಎಲ್ಲರಿಗೂ ಕೇಳಿಸಿತು.

"ಕಾಲು ಮಾತು ಕೇಳಲ್ಲ ಮಿಸ್" ಎಂದ ಅವನು, ಮೆಲ್ಲಗೆ.

"ನಿನ್ನ ಕಾಲು ನಿನ್ನ ಮಾತು ಕೇಳದೆ ಇನ್ಯಾರ ಮಾತು ಕೇಳುತ್ತೆ?" ಎಂದೆ. ಅವನ ಡೈರಿ ತರಿಸಿ ಕೆಂಪು ಇಂಕಿನಲ್ಲಿ ಬರೆದೆ: 'ಡ್ರಿಲ್‌ನಲ್ಲಿ ಬಹಳ ಸೋಮಾರಿತನ. ಮನೆಯಲ್ಲಿ ಕಾಲಿನ ವ್ಯಾಯಾಮ ಮಾಡಿಸಿ.' ಮರುದಿನ ಕೆಳಗೆ ತಾಯಿಯ ಸಹಿ ಇತ್ತು. ನಾನು ಟಿಕ್ ಹಾಕಿ ಅದನ್ನು ಮರೆತೆ.

ಕ್ರೀಡಾ ದಿನಕ್ಕೆ ಹತ್ತು ದಿನವಿರುವಾಗ ದೊಡ್ಡ ಮಕ್ಕಳಿಗೆ ಖೋ-ಖೋ ಹೇಳಿಕೊಡುತ್ತ, ಕಂಬ ಹಿಡಿದು ತಿರುಗುವುದು ಹೇಗೆಂದು ತೋರಿಸಲು ಹೋದೆ. ಮೈ ತಿರುಗಿತು, ಎಡ ಮಂಡಿ ತಿರುಗಲಿಲ್ಲ. ಟಕ್ ಎಂಬ ಸದ್ದು ನನಗೇ ಕೇಳಿಸಿತು. ಮಂಡಿಯೊಳಗೆ ಮೂಳೆ ಹಿಡಿದಿಡುವ ಕಟ್ಟು ಹರಿದಿದೆಯೆಂದು ಆಸ್ಪತ್ರೆಯಲ್ಲಿ ಸಣ್ಣ ತೂತು ಮಾಡಿ ಸರಿಪಡಿಸಿದರು. ಮೂರು ತಿಂಗಳು ರಜೆ. ಕ್ರೀಡಾ ದಿನ ನಾನಿಲ್ಲದೆ ನಡೆಯಿತು. ನಾನಿಲ್ಲದೆಯೂ ಚೆನ್ನಾಗಿಯೇ ನಡೆಯಿತಂತೆ, ಅದು ಇನ್ನೂ ಉರಿ.

ಮನೆಯಲ್ಲಿ ಒಂದು ಕಾಲನ್ನು ದಿಂಬಿನ ಮೇಲಿಟ್ಟುಕೊಂಡು ಬಿದ್ದಿರುವುದೆಂದರೆ ನನಗೆ ಜೈಲೇ. ಫ್ಯಾನಿನ ರೆಕ್ಕೆ ಎಣಿಸಿದೆ. ಮೂರೇ ಇರುತ್ತವೆ, ಎಷ್ಟು ಸಲ ಎಣಿಸುವುದು? ಹೊಲಿಗೆ ಬಿಚ್ಚಿದ ಮೇಲೆ ಜಯನಗರದ ಒಂದು ಫಿಸಿಯೋಥೆರಪಿ ಕೇಂದ್ರಕ್ಕೆ ಹೋಗಲು ಹೇಳಿದಾಗ, ಎರಡು ವಾರದಲ್ಲಿ ಓಡಿಬಿಡುತ್ತೇನೆ ಎಂದುಕೊಂಡು ಹೊರಟೆ.

ಅಲ್ಲಿದ್ದವರು ಒಬ್ಬ ತರುಣ, ಉದ್ದಕ್ಕೆ ತೆಳ್ಳಗೆ, ಮಾತಿಗೆ ಮೊದಲು ನಗುವವರು. ನನ್ನ ಮಂಡಿಯ ಕೆಳಗೆ ಟವೆಲ್ ಸುತ್ತಿಟ್ಟು, "ಇದನ್ನ ಮಂಡಿಯಿಂದ ಒತ್ತಿ ಮೇಡಂ. ತೊಡೆ ಬಿಗಿ ಆಗ್ಬೇಕು" ಎಂದರು. ಇಷ್ಟೇನಾ ಎಂದುಕೊಂಡು ಒತ್ತಿದೆ. ಏನೂ ಆಗಲಿಲ್ಲ. ಎಡ ತೊಡೆ ನನ್ನದಲ್ಲವೆಂಬಂತೆ ಸುಮ್ಮನೆ ಬಿದ್ದಿತ್ತು. ಹಲ್ಲು ಕಚ್ಚಿದೆ, ಉಸಿರು ಕಟ್ಟಿದೆ, ಮುಷ್ಟಿ ಬಿಗಿದೆ.

"ಮೇಡಂ, ಮುಖದ ಮಸಲ್ ಎಲ್ಲಾ ಸಖತ್ತಾಗಿ ಕೆಲಸ ಮಾಡ್ತಿದೆ. ತೊಡೇದು ಮಾತ್ರ ರಜ."

"ಏನ್ರೀ ಇದು, ನನ್ನ ಕಾಲು ನನ್ನ ಮಾತು ಕೇಳ್ತಿಲ್ಲ!" ಎಂದೆ. ಆ ಮಾತನ್ನು ಬೇರೆ ಬಾಯಲ್ಲಿ ಕೇಳಿದ್ದೆನೆಂಬುದು ಆಗ ನೆನಪಾಗಲಿಲ್ಲ. ಸಿಟ್ಟಿನಲ್ಲಿ ಯಾರಿಗೆ ಏನು ನೆನಪಾಗುತ್ತದೆ!

ಮಂಡಿಯೊಳಗೆ ನೀರು ತುಂಬಿ ಊದಿಕೊಂಡಾಗ ಮೈ ತಾನೇ ತೊಡೆಗೆ ಹೋಗುವ ಅಪ್ಪಣೆಯನ್ನು ತಡೆಯುತ್ತದಂತೆ. ಅವರು ತೊಡೆಗೆ ಎರಡು ಪಟ್ಟಿ ಅಂಟಿಸಿ ಸಣ್ಣಗೆ ಕರೆಂಟ್ ಬಿಟ್ಟರು. ತೊಡೆ ಕುಣಿದೆದ್ದಿತು! ನನಗೆ ಮೈಯೆಲ್ಲ ಉರಿದುಹೋಯಿತು. ಇಷ್ಟು ವರ್ಷ ಅನ್ನ ಹಾಕಿ ಸಾಕಿದ ನನ್ನ ಮಾತಿಗೆ ಕದಲದ್ದು, ಯಾವುದೋ ಡಬ್ಬಿಯ ಮಾತಿಗೆ ಕುಣಿಯುತ್ತಿದೆ.

ದಿನ ಬಿಟ್ಟು ದಿನ ಹೋಗುತ್ತಿದ್ದೆ. ಕರೆಂಟು ಕೊಡುವ ಇಪ್ಪತ್ತು ನಿಮಿಷ ನಾನು ಸುಮ್ಮನಿರುವವಳಲ್ಲ, ಪ್ರಶ್ನೆ ಕೇಳಿ ಅವರ ತಲೆ ತಿನ್ನುತ್ತಿದ್ದೆ. ಅವರು ಬೇಸರಿಸದೆ ಹೇಳುತ್ತಿದ್ದರು. "ಸ್ನಾಯುಗೆ ನೂಕೋಕೆ ಬರಲ್ಲ ಮೇಡಂ, ಎಳೆಯೋಕೆ ಮಾತ್ರ ಬರುತ್ತೆ. ಕಾಲು ನೆಟ್ಟಗೆ ಆಗೋದಕ್ಕೆ ತೊಡೆಯ ಮುಂದಿನದು ಎಳೀಬೇಕು, ಮಡಚೋದಕ್ಕೆ ಹಿಂದಿನದು. ಒಂದು ಎಳೆಯುವಾಗ ಇನ್ನೊಂದು ಬಿಟ್ಟುಕೊಡಬೇಕು. ಇಬ್ಬರೂ ಎಳೆದ್ರೆ ಕಂಬ."

"ಎಳೆಯೋದು ಅಂದ್ರೆ ಒಳಗೆ ಏನಾಗುತ್ತೆ?"

"ನೀವು ಹಗ್ಗಜಗ್ಗಾಟ ಆಡಿಸ್ತೀರಲ್ಲ, ಅದೇ. ಒಳಗೆ ಕಣ್ಣಿಗೆ ಕಾಣದಷ್ಟು ಸಣ್ಣ ನೂಲುಗಳಿವೆ, ಒಂದು ದಪ್ಪ, ಒಂದು ತೆಳು. ದಪ್ಪ ನೂಲಿಗೆ ಪುಟಾಣಿ ಕೈಗಳು. ಅವು ತೆಳು ನೂಲನ್ನ ಹಿಡೀತವೆ, ಜಗ್ಗುತ್ತವೆ, ಬಿಡ್ತವೆ, ಇನ್ನೊಂಚೂರು ಮುಂದೆ ಹಿಡೀತವೆ. ನೂಲು ಯಾವುದೂ ಗಿಡ್ಡ ಆಗಲ್ಲ, ಒಂದರ ಪಕ್ಕ ಒಂದು ಜಾರುತ್ತೆ. ಹಾಗೆ ಲಕ್ಷಾಂತರ ಕಡೆ ಜಾರಿದಾಗ ಇಡೀ ಸ್ನಾಯು ಗಿಡ್ಡ ಆಗುತ್ತೆ, ಮೂಳೆ ಕದಲುತ್ತೆ."

ವಿಸಿಲ್ ಊದುವವರು ಯಾರು ಎಂದೆ. ನರ ಎಂದರು. ನರದ ಅಪ್ಪಣೆ ಬಂದ ಕೂಡಲೇ ಸ್ನಾಯುವಿನೊಳಗೆ ಕೂಡಿಟ್ಟ ಕ್ಯಾಲ್ಸಿಯಂ ಹೊರಬರುತ್ತದೆ. ತೆಳು ನೂಲಿನ ಮೇಲಿದ್ದ ಮರೆ ಸರಿದು ಆ ಕೈಗಳಿಗೆ ಹಿಡಿಯಲು ಜಾಗ ಸಿಗುತ್ತದೆ. ಹಿಡಿದದ್ದನ್ನು ಬಿಡುವುದಕ್ಕೂ ಶಕ್ತಿ ಬೇಕು. ಸತ್ತವರ ಮೈ ಸೆಟೆದುಕೊಳ್ಳುವುದು ಬಿಡಲು ಶಕ್ತಿಯಿಲ್ಲದ್ದರಿಂದಂತೆ. ಇಷ್ಟೆಲ್ಲ ಒಂದು ಹೆಜ್ಜೆಗೆ! ಇಷ್ಟು ವರ್ಷ 'ಲೆಫ್ಟ್ ರೈಟ್' ಎಂದು ಕೂಗಿದ ನನಗೆ ಇದರಲ್ಲಿ ಒಂದಕ್ಷರವೂ ಗೊತ್ತಿರಲಿಲ್ಲ.

ಐದನೇ ವಾರ ತೊಡೆ ಅಷ್ಟಿಷ್ಟು ಮಾತು ಕೇಳತೊಡಗಿತು. ಒಂದು ಶನಿವಾರ ಬೆಳಿಗ್ಗೆ ಅವರು, "ಚಾಪೆ ಮೇಲಿಂದ ಏಳಿ ನೋಡೋಣ" ಎಂದರು. ಮಗ್ಗುಲಾದೆ, ಒಂದು ಕೈ ನೆಲಕ್ಕೆ ಊರಿದೆ, ಇನ್ನೊಂದು ಕೈಯಿಂದ ಎಡ ತೊಡೆಯನ್ನು ಒತ್ತಿ ಹಿಡಿದು ಏದುಸಿರು ಬಿಡುತ್ತ ಎದ್ದೆ.

"ನೋಡಿದ್ರಾ, ತೊಡೆ ಕೆಲಸಾನ ಕೈ ಮಾಡ್ತು" ಎಂದು ನಕ್ಕರು. "ನಿಮಗೆ ಪರವಾಗಿಲ್ಲ, ಆಪರೇಷನ್ ಆಗಿದೆ. ಚಿಕ್ಕ ಮಕ್ಕಳು ಎರಡೂ ಕೈಯಿಂದ ಹೀಗೆ ತೊಡೆ ಹತ್ತಿಕೊಂಡು ಎದ್ರೆ ಮಾತ್ರ ನಮಗೆ ಭಯ ಆಗುತ್ತೆ."

ನಾನು ನಿಂತಲ್ಲೇ ನಿಂತೆ. "ಯಾಕೆ ಭಯ?"

"ಸ್ನಾಯು ಸವೆಯೋ ಕಾಯಿಲೆ ಒಂದಿದೆ ಮೇಡಂ. ಹೆಚ್ಚಾಗಿ ಗಂಡು ಮಕ್ಕಳಿಗೆ."

"ಆ ಮಕ್ಕಳಿಗೆ ಮೀನಖಂಡ ದಪ್ಪ ಇರುತ್ತಾ?"

ಅವರ ಮುಖದ ನಗು ಹೋಯಿತು. "ಯಾರನ್ನ ನೋಡಿದೀರಿ ನೀವು?"

ಬೆರಳ ತುದಿಯ ಓಟ, ಬೀಳುವುದು, ಏಳುವುದು, ಎಲ್ಲ ಹೇಳಿದೆ. ಮೈಕು, ಡೈರಿ ಹೇಳಲಿಲ್ಲ. ಅವರು, "ನಾನು ನೋಡದೆ ಹೇಳೋ ಹಾಗಿಲ್ಲ. ಆದ್ರೆ ಬೇಗ ಮಕ್ಕಳ ಡಾಕ್ಟರಿಗೆ ತೋರಿಸೋಕೆ ಹೇಳಿ. ಅಲ್ಲಿವರೆಗೆ ಆ ಮಗು ಕೈಲಿ ವ್ಯಾಯಾಮ ಗೀಯಾಮ ಮಾಡಿಸಬಾರದು" ಎಂದರು.

ಹೊರಗೆ ಬಂದು ಹೆಡ್‌ಮಿಸ್ಸಿಗೆ ಫೋನ್ ಮಾಡಿದೆ. "ನಾವೇನು ಡಾಕ್ಟರಾ? ಪೇರೆಂಟ್ಸ್ ಗಾಬರಿ ಆಗ್ತಾರೆ. ಮುಂದಿನ ತಿಂಗಳು ಮೀಟಿಂಗ್ ಇದೆ, ಆಗ ಮೆಲ್ಲಗೆ ಹೇಳೋಣ" ಎಂದರು. ಮುಂದಿನ ತಿಂಗಳು! ಸಂಜೆವರೆಗೆ ಕಾಯುವುದೂ ನನ್ನಿಂದಾಗದು. ಕ್ಲಾಸ್ ಟೀಚರಿಂದ ವಿಳಾಸ ತೆಗೆದುಕೊಂಡು, ಕೋಲು ಕಂಕುಳಿಗೆ ಸಿಕ್ಕಿಸಿಕೊಂಡು ಆಟೋ ಹತ್ತಿದೆ. ಬನಶಂಕರಿ ಸಿಗ್ನಲ್ಲಿನಲ್ಲಿ ಆಟೋ ನಿಂತಾಗ ಇಳಿದು ನೂಕಬೇಕೆನಿಸಿತು. ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು ಎಂದು ನಮ್ಮಮ್ಮ ಹೇಳುತ್ತಿದ್ದಳು. ನಾನು ಆಡಿದ್ದೂ ಅಲ್ಲದೆ ಬರೆದೂ ಕೊಟ್ಟಿದ್ದೆ.

ಸುಬ್ರಹ್ಮಣ್ಯಪುರದ ಒಂದು ಅಡ್ಡರಸ್ತೆಯಲ್ಲಿ ಲಿಫ್ಟ್ ಇಲ್ಲದ ಕಟ್ಟಡ, ಮೂರನೇ ಮಹಡಿ. ಒಂದೊಂದೇ ಮೆಟ್ಟಿಲು ಹತ್ತುವಾಗ ಮೇಲಿಂದ ಮುದುಕರ ದನಿ ಕೇಳಿಸಿತು: "ಇಪ್ಪತ್ತೆಂಟು... ಇಪ್ಪತ್ತೊಂಬತ್ತು... ನಿಲ್ಲಬೇಡ ಮಗನೇ, ಇಳಿ." ತಿರುವಿನಲ್ಲಿ ಆ ಹುಡುಗ. ಎರಡೂ ಕೈಯಲ್ಲಿ ಕಂಬಿ ಹಿಡಿದು ಒಂದೊಂದೇ ಮೆಟ್ಟಿಲು ಇಳಿಯುತ್ತಿದ್ದ. ಕತ್ತಿನವರೆಗೆ ಬೆವರು. ನನ್ನನ್ನು ಕಂಡವನೇ ಮುಖ ಅರಳಿಸಿ, "ಮಿಸ್! ದಿನಾ ಮೂರು ಸಲ ಹತ್ತಿ ಇಳೀತೀನಿ ಮಿಸ್! ಬಸ್ಕಿನೂ ಹೊಡೀತೀನಿ!" ಎಂದ.

"ಸಾಕು. ಕೂತ್ಕೋ" ಎಂದೆ. ಅವನಿಗೆ ಅರ್ಥವಾಗಲಿಲ್ಲ. "ಇನ್ನೂ ಒಂದು ಸಲ ಇದೆ ಮಿಸ್."

"ಬೇಡ ಕಂದಾ, ಕೂತ್ಕೋ." ನಾನೂ ಪಕ್ಕದಲ್ಲಿ ಕೂತೆ. ಅವನ ಕಾಲು ಸಣ್ಣಗೆ ನಡುಗುತ್ತಿತ್ತು.

ತಾಯಿ ಮೇಲಿಂದ ಇಳಿದು ಬಂದಳು. ಮೂವತ್ತರ ಆಸುಪಾಸು, ಔಷಧಿ ಅಂಗಡಿಯಲ್ಲಿ ಕೆಲಸ ಮಾಡುವವಳು, ಊಟಕ್ಕೆಂದು ಆಗ ತಾನೇ ಬಂದು ಬ್ಯಾಗೂ ಇಳಿಸಿರಲಿಲ್ಲ. "ಬನ್ನಿ ಮೇಡಂ, ಮನೆವರೆಗೂ ಬಂದ್ರಾ!" ಎಂದು ಸಂಭ್ರಮಪಟ್ಟಳು. ಒಳಗೆ ಕೂರಿಸಿ ಕಾಫಿ ಕೊಟ್ಟಳು. ಎಣಿಸುತ್ತಿದ್ದವರು ಹುಡುಗನ ತಾತ, ಹಿಂದೆ ಮೈಸೂರಿನ ಗರಡಿಯಲ್ಲಿ ಸಾಮು ಮಾಡಿದವರು. ಮೊಮ್ಮಗನ ಕಾಲು ತೋರಿಸಿ, "ನಮ್ಮ ವಂಶದ ಕಾಲು ನೋಡಿ ತಾಯಿ. ದಿನಾ ಎಣ್ಣೆ ಹಚ್ಚಿ ನೀವ್ತೀನಿ. ನೀವು ಡೈರೀಲಿ ಬರೆದ ದಿನದಿಂದ ಒಂದು ದಿನಾನೂ ತಪ್ಪಿಸಿಲ್ಲ" ಎಂದರು. ನಾನು ಬರೆದು ಎರಡೂವರೆ ತಿಂಗಳಾಗಿತ್ತು.

ಹುಡುಗನನ್ನು ಒಳಗೆ ಕಳಿಸಿ ಹೇಳಿದೆ. ನನಗೆ ನಾಜೂಕು ಗೊತ್ತಿಲ್ಲ. ಫಿಸಿಯೋ ಹೇಳಿದ್ದನ್ನು ಹೇಳಿದ ಹಾಗೇ ಹೇಳಿ, "ಇಲ್ಲದೇನೂ ಇರಬಹುದು. ಆದ್ರೆ ಸೋಮವಾರಾನೇ ತೋರಿಸಿ. ಮೆಟ್ಟಿಲು ಇವತ್ತಿಂದ ಬೇಡ. ನಾನು ಬರೆದಿದ್ದು ತಪ್ಪು" ಎಂದೆ.

ತಾತ ರೇಗಿದರು. "ಕಾಯಿಲೆ ಅಂತೆ ಕಾಯಿಲೆ! ಕಲ್ಲಿನ ಹಾಗಿದೆ ಕಾಲು!" ತಾಯಿ ನನ್ನನ್ನು ನೋಡದೆ ಹೇಳಿದಳು: "ಮೊನ್ನೆ ಆಗಲ್ಲಮ್ಮ ಅಂತ ಮೆಟ್ಟಿಲ ಮೇಲೆ ಕೂತು ಅತ್ತ. ಸೋಮಾರಿ ಅಂತ ನಾನೂ ಬೈದು ಎರಡು ಬಾರಿಸಿದೆ ಮೇಡಂ."

ಬಾಗಿಲವರೆಗೆ ಬಂದು, "ಸೋಮವಾರ ನೀವೂ ಬನ್ನಿ" ಎಂದಳು. ಪ್ರೀತಿಯಿಂದ ಕರೆದದ್ದಲ್ಲ. ಕರೆಯದಿದ್ದರೂ ನಾನು ಹೋಗುತ್ತಿದ್ದೆ.

ಸೋಮವಾರ ಆಸ್ಪತ್ರೆಯಲ್ಲಿ ಮಕ್ಕಳ ಡಾಕ್ಟರು ಹುಡುಗನನ್ನು ನೆಲದ ಮೇಲೆ ಕೂರಿಸಿ ಏಳಲು ಹೇಳಿದರು. ಅವನು ಓರೆಗಣ್ಣಿನಿಂದ ನನ್ನನ್ನು ನೋಡಿ ಕೈಕಟ್ಟಲು ಹೋದ. "ನಿನಗೆ ಹೇಗೆ ಬರುತ್ತೋ ಹಾಗೆ ಏಳು ಪುಟ್ಟಾ" ಎಂದರು ಆಕೆ. ಅವನು ಎದ್ದ ರೀತಿ ನೋಡಿ ರಕ್ತ ಪರೀಕ್ಷೆಗೆ ಬರೆದರು, ಅದರ ಹಿಂದೆಯೇ ಇನ್ನೊಂದು ದೊಡ್ಡ ಪರೀಕ್ಷೆಗೆ. ಅದರ ಉತ್ತರ ಬರಲು ಮೂರು ವಾರ ಹಿಡಿಯಿತು. ಆ ಮೂರು ವಾರ ನಾನು ಮನೆಯಲ್ಲಿ ಕೋಲೂರಿಕೊಂಡು ಅಡುಗೆಮನೆಯಿಂದ ಬಾಗಿಲಿಗೆ, ಬಾಗಿಲಿನಿಂದ ಅಡುಗೆಮನೆಗೆ ನಡೆದೆ. ಅತ್ತೆ ಕೂಡ ಬೈಯಲಿಲ್ಲ.

ಕಾಯಿಲೆ ಅದೇ ಆಗಿತ್ತು.

ತಾಯಿಯೂ ನಾನೂ ಡಾಕ್ಟರ ಎದುರಿಗೆ ಕೂತಿದ್ದೆವು. ಹುಡುಗ ಮೂಲೆಯಲ್ಲಿ ಆಟದ ಸಾಮಾನು ಹರಡಿಕೊಂಡಿದ್ದ. ಸ್ನಾಯುವಿನ ನೂಲು ಜಗ್ಗುವಾಗ ಅದರ ಎಳೆಯ ಹೊರಪದರ ಹರಿಯದಂತೆ ಹಿಡಿದಿಡುವ ಒಂದು ವಸ್ತು ಇರುತ್ತದೆ. ಇವನ ಮೈ ಅದನ್ನು ತಯಾರಿಸುವುದಿಲ್ಲ ಎಂದರು ಡಾಕ್ಟರು. ಹುಟ್ಟಿನಿಂದ ಬಂದದ್ದು. ನೂಲುಗಳು ಸರಿಯಾಗಿಯೇ ಜಗ್ಗುತ್ತವೆ, ಆದರೆ ಜಗ್ಗಿದಾಗಲೆಲ್ಲ ಹೊರಪದರ ಅಷ್ಟಷ್ಟು ಹರಿಯುತ್ತದೆ. ಹರಿದ ಕಡೆ ಕೊಬ್ಬು ತುಂಬಿಕೊಳ್ಳುತ್ತದೆ. ಮೀನಖಂಡದ ದಪ್ಪ ಅದೇ. ಮೆಟ್ಟಿಲು ಇಳಿಯುವಾಗಂತೂ ಸ್ನಾಯು ಉದ್ದವಾಗುತ್ತಲೇ ಬಿಗಿ ಹಿಡಿಯಬೇಕು, ಹರಿಯುವುದು ಇನ್ನೂ ಹೆಚ್ಚು.

"ನಾವು ಮಾಡಿಸಿದ್ರಿಂದ ಬಂತಾ ಡಾಕ್ಟ್ರೇ?" ಎಂದಳು ತಾಯಿ.

"ಕಾಯಿಲೆ ನಿಮ್ಮಿಂದ ಬಂದಿದ್ದಲ್ಲಮ್ಮ. ಆದ್ರೆ ಅಂಥ ವ್ಯಾಯಾಮ ಇನ್ನು ಬೇಡ." ಔಷಧಿಯಿಂದ ನಿಧಾನ ಮಾಡಬಹುದು, ನಿಲ್ಲಿಸಲಾಗದು, ಕೆಲವು ವರ್ಷಗಳಲ್ಲಿ ಗಾಲಿಕುರ್ಚಿ ಬೇಕಾಗುತ್ತದೆ, ಮುಂದೆ ಹೃದಯ, ಉಸಿರಾಟವನ್ನೂ ನೋಡಿಕೊಳ್ಳುತ್ತಿರಬೇಕು. ಡಾಕ್ಟರು ಮೆಲ್ಲಗೆ ಹೇಳಿದರು. ತಾಯಿ ಅಳಲಿಲ್ಲ. ಸೆರಗಿನ ಅಂಚನ್ನು ಬೆರಳಿಗೆ ಸುತ್ತಿ ಸುತ್ತಿ ಬಿಚ್ಚುತ್ತಿದ್ದಳು.

ಹುಡುಗ ಆಟ ಬಿಟ್ಟು ಎದ್ದು ಬಂದ, ಅವನ ರೀತಿಯಲ್ಲೇ, ಕೈಯೂರಿ. ಮೇಜಿನ ಅಂಚು ಹಿಡಿದು ಕೇಳಿದ: "ಆಂಟಿ, ನಾನು ಸೋಮಾರಿನಾ?"

ಡಾಕ್ಟರು ಅವನತ್ತ ಬಗ್ಗಿದರು. "ಯಾರು ಹೇಳಿದ್ದು? ಇಲ್ವೇ ಇಲ್ಲ. ಬೇರೆ ಮಕ್ಕಳು ಕಷ್ಟ ಇಲ್ಲದೆ ಏಳ್ತಾರೆ. ನೀನು ಅವರಿಗಿಂತ ಎಷ್ಟೋ ಜಾಸ್ತಿ ಕಷ್ಟಪಟ್ಟು ಏಳ್ತೀಯ."

ಅವನ ಮುಖ ಅರಳಿದ್ದನ್ನು ನಾನು ಹೇಗೆ ಬರೆಯಲಿ! "ಅಮ್ಮಾ, ನಾನು ಸೋಮಾರಿ ಅಲ್ವಂತೆ!" ಎಂದು ತಾಯಿಯ ತೋಳು ಹಿಡಿದು ಅಲ್ಲಾಡಿಸಿದ. ಕಾರಿಡಾರಿನಲ್ಲಿ ತಾತನಿಗೆ ಫೋನ್ ಮಾಡಿಸಿ ಹೇಳಿದ. ಔಷಧಿ ಕೊಡುವ ಅಕ್ಕನಿಗೆ ಹೇಳಿದ. ಗೇಟಿನ ವಾಚ್‌ಮನ್ನಿಗೂ ಹೇಳಿದ. ಅವತ್ತು ಆ ಆಸ್ಪತ್ರೆಯಿಂದ ಅವನಷ್ಟು ಖುಷಿಯಾಗಿ ಹೊರಗೆ ಬಂದವರು ಇನ್ನೊಬ್ಬರಿರಲಿಕ್ಕಿಲ್ಲ. ತಾಯಿ ರಿಪೋರ್ಟು ಹಿಡಿದು ಅವನ ಹಿಂದೆ ನಡೆಯುತ್ತಿದ್ದಳು.

ಆಟೋದಲ್ಲಿ ಅವನು ನಮ್ಮಿಬ್ಬರ ನಡುವೆ ಕೂತ. ಕೂತವನೇ ಮುಂದಕ್ಕೆ ಬಗ್ಗಿ, "ಅಂಕಲ್, ನಾನು ಸೋಮಾರಿ ಅಲ್ಲ. ಡಾಕ್ಟರೇ ಹೇಳಿದ್ರು" ಎಂದ.

ಆಟೋದವರು ಕನ್ನಡಿಯಲ್ಲಿ ಅವನನ್ನು ನೋಡಿ ನಕ್ಕರು. "ಹೌದಾ ಗುರು? ಮತ್ತೆ ನಿನ್ನ ಸೋಮಾರಿ ಅಂದೋರು ಯಾರು?"

ಹುಡುಗ ಬಾಯಿ ತೆರೆದ. ನನ್ನ ಮುಖ ನೋಡಿದ. ಬಾಯಿ ಮುಚ್ಚಿಕೊಂಡು, "ಯಾರೋ ಅಂಕಲ್, ಮರೆತುಹೋಯ್ತು" ಎಂದು ನನ್ನ ಕೈ ಹಿಡಿದುಕೊಂಡ. ತಾಯಿ ರಸ್ತೆಯ ಕಡೆ ನೋಡುತ್ತಿದ್ದಳು.

"ನಾನೇ ಅಂದಿದ್ದು" ಎಂದೆ.

ಆಟೋದವರ ನಗು ನಿಂತಿತು. ಮೀಟರ್ ಹಾಕಿ ಗಾಡಿ ಹೊರಡಿಸಿದರು.